ಕರುಪ್ಪಿಯ ಮೈಯಲ್ಲಿ ಮೂಡಿದ ಉಂಗುರ

ನಾಯಿಯ ಮೈಮೇಲೆ ಎದ್ದ ಕಲೆಯ ಸುದ್ದಿಯನ್ನು ಕಥೆಯೆಂದು ಹೇಳಲು ಕೂತದ್ದಕ್ಕೆ ಮೊದಲೇ ತಪ್ಪಾಯಿತು ಎಂದುಬಿಡುತ್ತೇನೆ. ಊಟದ ಹೊತ್ತಿಗೆ ಓದುವವರು ಇದನ್ನು ಆಮೇಲೆ ಓದಬಹುದು. ವೈದ್ಯ ಬಲ್ಲವರಿಗೆ ಎಲ್ಲಾದರೂ ತಪ್ಪು ಕಂಡರೆ ಅದು ಹೇಳಿದವರ ತಪ್ಪೇ ಹೊರತು ಕಥೆಯೊಳಗೆ ಬರುವ ಡಾಕ್ಟರಮ್ಮನದಲ್ಲ. ಆದರೂ ಕೋವಿಲ್‌ಪಟ್ಟಿಯ ವೇಲ್ಚಾಮಿಯ ಮನೆಯಲ್ಲಿ ಪೊಂಗಲ್ ಹಬ್ಬಕ್ಕೆ ಮುಂಚಿನ ಆ ಮಾರ್ಗಳಿ ತಿಂಗಳಲ್ಲಿ ಎದ್ದ ಗದ್ದಲವನ್ನು ನೆನೆದರೆ ಸುಮ್ಮನಿರಲು ಆಗುವುದಿಲ್ಲ.

ಆ ಮನೆಯ ಅಡುಗೆಮನೆಯ ಬಾಗಿಲ ಹಿಂದೆ ಒಂದು ಮೊಳೆ. ಮೊಳೆಗೆ ಒಂದು ಹಗ್ಗ. ನೂಲು ಹೊಸೆದ ಹಗ್ಗ, ತುದಿಗೆ ಚರ್ಮದ ಕೊರಳಪಟ್ಟಿ, ಪಟ್ಟಿಗೆ ಒಂದು ಹಿತ್ತಾಳೆ ಗೆಜ್ಜೆ. ಆ ಹಗ್ಗಕ್ಕೆ ಯಾವ ನಾಯಿಯನ್ನೂ ಯಾರೂ ಎಂದೂ ಕಟ್ಟಿರಲಿಲ್ಲ. ವೇಲ್ಚಾಮಿಯ ಹೆಂಡತಿ ತಾಯಮ್ಮಾಳ್ ಸೊಸೆಯಾಗಿ ಆ ಮನೆಗೆ ಬಂದಾಗ ಕೈಯಲ್ಲಿ ಹಿಡಿದು ತಂದದ್ದು ಅದು.

ಅವರ ಕಡೆಯ ಮನೆತನಗಳಲ್ಲಿ ಮಗಳನ್ನು ಗಂಡನ ಮನೆಗೆ ಕಳಿಸುವಾಗ ತವರಿನಲ್ಲಿ ಸಾಕಿದ, ಕನ್ನಿ ಎಂಬ ಬೇಟೆ ಜಾತಿಯ ನಾಯಿಯೊಂದನ್ನು ಜೊತೆಗೆ ಕಳಿಸುತ್ತಾರೆ. ಮೈಯೆಲ್ಲ ಕಪ್ಪು, ಹುಬ್ಬಿನ ಮೇಲೆ ಎರಡು ಕಂದು ಬೊಟ್ಟು, ಕಡ್ಡಿಯಂಥ ಉದ್ದ ಕಾಲು. ಅದನ್ನು ಮಾರುವಂತಿಲ್ಲ, ಕೊಳ್ಳುವಂತಿಲ್ಲ, ಹೆಣ್ಣಿನ ಜೊತೆಗೇ ಹೋಗಬೇಕು. ಸೊಸೆ ಹೊಸ್ತಿಲು ದಾಟುವ ಮುಂಚೆ ನಾಯಿಯ ಹಗ್ಗವನ್ನು ಅತ್ತೆಯ ಕೈಗೆ ಕೊಡಬೇಕು. ತಾಯಮ್ಮಾಳಿಗೆಂದು ಸಾಕಿದ ನಾಯಿ ಮದುವೆಗೆ ಇನ್ನೇನು ವಾರವಿದೆ ಎನ್ನುವಾಗ ಹಾವು ಕಚ್ಚಿ ಸತ್ತಿತು. ಅವಳಪ್ಪ ಬೇರೆ ನಾಯಿಗಾಗಿ ಊರೂರು ಅಲೆದು, ಸಿಗದೆ, ತಲೆ ತಗ್ಗಿಸಿಕೊಂಡು ಬರೀ ಹಗ್ಗ ಕಳಿಸಿದ. ಅತ್ತೆ ಪೇಚ್ಚಿಯಮ್ಮಾಳ್ ಅದನ್ನು ಎರಡು ಬೆರಳಲ್ಲಿ ಹಿಡಿದು ತಂದು ಆ ಮೊಳೆಗೆ ಹಾಕಿದವಳು ಮತ್ತೆ ತೆಗೆಯಲಿಲ್ಲ. ಸಾರಿಗೆ ಉಪ್ಪು ಹೆಚ್ಚಾದರೂ ಸರಿ, ಬೆಲ್ಲದ ಪಾಕ ತಳ ಹಿಡಿದರೂ ಸರಿ, ಅವಳ ಕಣ್ಣು ಆ ಮೊಳೆಯ ಕಡೆ ಹೋಗುತ್ತಿತ್ತು.

"ಬರೀ ಹಗ್ಗ ತಂದವಳ ಕೈ ಅಲ್ವಾ, ಇನ್ನು ಹೇಗಿರುತ್ತೆ!"

ಈಗ ತಾಯಮ್ಮಾಳ ಮಗಳು ಶೆಣ್ಬಗವಲ್ಲಿಗೆ ಮದುವೆ ಗೊತ್ತಾಗಿತ್ತು. ಮನೆಯಲ್ಲಿ ಅವಳನ್ನು ವಲ್ಲಿ ಎನ್ನುತ್ತಿದ್ದರು. ಗಂಡು ಮಾಡಸಾಮಿ, ಶಿವಕಾಶಿಯಲ್ಲಿ ಕ್ಯಾಲೆಂಡರ್ ಅಚ್ಚು ಹಾಕುವ ಕೆಲಸ. ಕಾರ್ತಿಕದಲ್ಲಿ ನಿಶ್ಚಯವಾಗಿತ್ತು, ಪೊಂಗಲ್ ಕಳೆದ ಮೇಲೆ ತೈ ತಿಂಗಳಲ್ಲಿ ಮದುವೆ. ತಾಯಮ್ಮಾಳ್ ಒಂದು ವರ್ಷ ಮುಂಚಿನಿಂದಲೇ ಎಲ್ಲ ಹೊಂದಿಸಿದ್ದಳು. ತಮ್ಮನ ಮನೆಯ ಕನ್ನಿ ಮರಿ ಹಾಕಿದ್ದೇ ತಡ, ಹೋಗಿ ಆರಿಸಿ ಒಂದು ಹೆಣ್ಣುಮರಿಯನ್ನು ಮಡಿಲಲ್ಲಿ ಕಟ್ಟಿಕೊಂಡು ಬಂದಳು. ಕರುಪ್ಪಿ ಎಂದು ಹೆಸರಿಟ್ಟಳು. ದಿನಾ ಸಜ್ಜೆ ಗಂಜಿಗೆ ಮಜ್ಜಿಗೆ ಬೆರೆಸಿ ಕೈಯಾರೆ ಉಣ್ಣಿಸಿದಳು. ತನ್ನ ಮಗಳು ಬರೀ ಹಗ್ಗ ಹಿಡಿದು ಯಾರ ಹೊಸ್ತಿಲಲ್ಲೂ ನಿಲ್ಲಬಾರದು. ಅವಳ ಆಸೆ ಅಷ್ಟೇ.

ನಿಶ್ಚಯವಾಗಿ ಕೆಲವು ವಾರವಾಗಿತ್ತು. ಮನೆಯ ಹಿಂದಿನ ಚಪ್ಪರದಲ್ಲಿ ಕಡಲೆಮಿಠಾಯಿಯ ಕೆಲಸ ಬಿರುಸಾಗಿ ನಡೆದಿತ್ತು. ಪೊಂಗಲ್ ಹತ್ತಿರ ಬಂದರೆ ಆ ಮನೆಯಲ್ಲಿ ಯಾರಿಗೂ ಕೂರಲು ಪುರುಸೊತ್ತಿಲ್ಲ. ವೇಲ್ಚಾಮಿ ಬಾಣಲೆಯಲ್ಲಿ ಪಾಕ ತಿರುವುತ್ತಿದ್ದ, ವಲ್ಲಿ ಹುರಿದ ಕಡಲೆಬೀಜದ ಸಿಪ್ಪೆ ಉಜ್ಜಿ ಕೇರುತ್ತಿದ್ದಳು. ಗಂಜಿಯ ತಟ್ಟೆ ಇಟ್ಟು ಕರುಪ್ಪಿಯ ತಲೆ ಸವರಿದ ತಾಯಮ್ಮಾಳ ಬೆರಳಿಗೆ ಎಡಕಿವಿಯ ಹಿಂದೆ ಬೋಳು ತಾಗಿತು.

ಬಾಗಿ ನೋಡಿದಳು. ಎಂಟಾಣೆ ಬಿಲ್ಲೆಯಷ್ಟು ದುಂಡನೆ ಜಾಗ, ಕೂದಲಿಲ್ಲ. ಅಂಚಿನಲ್ಲಿ ಹೊಟ್ಟು.

"ಏನಮ್ಮಾ, ನಾಯಿಗೆ ಹೇನು ನೋಡ್ತಿದ್ದೀಯ?" ಎಂದಳು ವಲ್ಲಿ ಮೊರ ಅಲ್ಲಾಡಿಸುತ್ತ.

"ಏನಿಲ್ಲ. ಎಲ್ಲೋ ತರಚಿಕೊಂಡಿದೆ."

"ನಂಗೂ ತೋರಿಸು."

"ನಿನ್ನ ಕೆಲಸ ನೋಡೆ! ಕಡಲೆ ಚೆಲ್ಲುತ್ತೆ."

ಕಡಲೆ ಚೆಲ್ಲಲಿಲ್ಲ. ಆದರೆ ಮುಂದಿನ ವಾರದೊಳಗೆ ಕರುಪ್ಪಿಯ ಮೂತಿಯ ಬದಿ ಒಂದು, ಮುಂಗಾಲಲ್ಲಿ ಒಂದು, ಬೆನ್ನ ಮೇಲೆ ಇನ್ನೊಂದು ದುಂಡು ಬೋಳು ಎದ್ದಿತು. ಮುಚ್ಚಿಡಲು ಇನ್ನು ದಾರಿ ಇರಲಿಲ್ಲ. ಮಧ್ಯಾಹ್ನ ಎಲ್ಲರೂ ಊಟಕ್ಕೆ ಕೂತಿದ್ದಾಗ ಕರುಪ್ಪಿ ಬಂದು ಪೇಚ್ಚಿಯಮ್ಮಾಳ ಮಂಡಿಗೆ ಮೂತಿ ಒರಗಿಸಿತು. ಮುದುಕಿ ಬಾಯಿಗೆ ಇಡುತ್ತಿದ್ದ ತುತ್ತನ್ನು ಅಲ್ಲೇ ಹಿಡಿದಳು.

"ತಾಯೀ, ಇದೇನು ಬಂತು ಇದಕ್ಕೆ? ಕಜ್ಜಿ! ಹೇಳಿದ್ದೆನೋ ಇಲ್ಲವೋ? ಮಿಠಾಯಿ ಚೂರು ಹಾಕಬೇಡಿ, ಹಾಕಬೇಡಿ ಅಂತ. ಬೆಲ್ಲ ತಿಂದ ನಾಯಿಗೆ ಕಜ್ಜಿ ಬರದೆ ಕಿರೀಟ ಬರುತ್ತಾ?"

"ಮಿಠಾಯಿ ಹಾಕೋದು ನೀವೇ ಅತ್ತೆ," ಎಂದಳು ತಾಯಮ್ಮಾಳ್ ಮೆಲ್ಲಗೆ.

"ನಾನಾ? ನಾನು ಹಾಕೋದು ಮುರಿದ ಚೂರು. ಮುರಿದ ಚೂರಲ್ಲಿ ಏನಿರುತ್ತೆ ಬೆಲ್ಲ?"

ವೇಲ್ಚಾಮಿ ನಕ್ಕುಬಿಟ್ಟ. "ಅಮ್ಮಾ, ಮುರಿದ ಮೇಲೆ ಬೆಲ್ಲ ಎಲ್ಲಿಗೆ ಹೋಗುತ್ತೆ?"

"ನಗು, ನಗು. ಸಂಬಂಧದೋರು ಬಂದು ನೋಡಿದ ದಿನ ನಗು. ಕಜ್ಜಿ ನಾಯಿ ಕೊಟ್ಟು ಹುಡುಗಿ ಕಳಿಸಿದರು ಅಂತ ಶಿವಕಾಶಿ ಪೂರ್ತಿ ಅಚ್ಚು ಹಾಕಿ ಹಂಚ್ತಾರೆ!"

"ದನದ ಆಸ್ಪತ್ರೆಗೆ ಕರಕೊಂಡು ಹೋಗೋಣ ಅಪ್ಪಾ," ಎಂದಳು ವಲ್ಲಿ.

"ಈ ವಾರ ಆಗಲ್ಲಮ್ಮಾ. ಲೋಡು ಹೋಗಬೇಕು. ಬರೋ ವಾರ ನೋಡೋಣ."

"ಬರೋ ವಾರ, ಬರೋ ವಾರ..." ಎನ್ನುತ್ತ ವಲ್ಲಿ ತಟ್ಟೆ ಎತ್ತಿಕೊಂಡು ಎದ್ದಳು. ಎದ್ದಾಗ ರವಿಕೆಯ ತೋಳನ್ನು ಕೆಳಗೆ ಎಳೆದುಕೊಂಡಳು. ಚಳಿಗಾಲ ಎಂದುಕೊಂಡಳು ತಾಯಮ್ಮಾಳ್. ಇತ್ತೀಚೆಗೆ ಹುಡುಗಿ ಮಣಿಕಟ್ಟಿನವರೆಗಿನ ತೋಳಿನ ರವಿಕೆಯನ್ನೇ ಹಾಕುತ್ತಿದ್ದಳು. ಮದುವೆಗೆ ಕೈ ಬೆಳ್ಳಗಿರಲಿ ಅಂತಿರಬೇಕು.

ಬರೋ ವಾರದವರೆಗೆ ಪೇಚ್ಚಿಯಮ್ಮಾಳ್ ಕಾಯಲಿಲ್ಲ. ಬೆಳಿಗ್ಗೆಯೇ ಎದ್ದು ಲಾರಿ ಶೆಡ್ಡಿಗೆ ಹೋಗಿ ಒಂದು ಡಬ್ಬ ಸುಟ್ಟ ಎಣ್ಣೆ ತಂದಳು. ಇಂಜಿನ್ನಿನಿಂದ ತೆಗೆದು ಚೆಲ್ಲುವ ಕಪ್ಪೆಣ್ಣೆ. ಬರುವ ದಾರಿಯಲ್ಲಿ ಬೆಂಕಿಪೆಟ್ಟಿಗೆ ಕಾರ್ಖಾನೆಯಲ್ಲಿ ದುಡಿಯುವ ತನ್ನ ಗೆಳತಿಯ ಮನೆಯಿಂದ ಒಂದು ಹಿಡಿ ಗಂಧಕ ಕೇಳಿ ತಂದಳು. ಎರಡನ್ನೂ ಕಲಸಿ ಕರುಪ್ಪಿಯನ್ನು ಮೂತಿಯಿಂದ ಬಾಲದವರೆಗೆ ಬಳಿದಳು. ಆ ಊರಲ್ಲಿ ಎಷ್ಟೋ ನಾಯಿಗಳಿಗೆ ಅದೇ ಮದ್ದು. ಮನೆಮನೆಗೂ ಬೆಂಕಿಕಡ್ಡಿ ಕೆಲಸ ಬರುವ ಊರಲ್ಲಿ ಗಂಧಕಕ್ಕೇನು ಬರ?

ತಾಯಮ್ಮಾಳ್ ನೀರು ಹೊತ್ತು ಬಂದಾಗ ನಾಯಿ ನೆಲದ ಮೇಲೆ ಕಪ್ಪು ಪಾದದ ಗುರುತು ಹಾಕುತ್ತ, ಕಾಲನ್ನು ನೆಕ್ಕುತ್ತಿತ್ತು.

"ಅತ್ತೇ! ಇದೇನು ಮಾಡಿದಿರಿ?"

"ನೀನು ಮಾಡದೇ ಇರೋದನ್ನ ಮಾಡಿದೆ. ಮೂರು ಸಲ ಬಳಿದರೆ ಕಜ್ಜಿ ಊರು ಬಿಟ್ಟು ಓಡುತ್ತೆ."

ಕಜ್ಜಿ ಓಡಲಿಲ್ಲ. ಸಂಜೆಯೊಳಗೆ ಕರುಪ್ಪಿ ವಾಂತಿ ಮಾಡಿಕೊಂಡಿತು. ಗಂಜಿ ಮುಟ್ಟಲಿಲ್ಲ. ಮರುದಿನ ಬೆಳಿಗ್ಗೆ ಹೊಟ್ಟೆಯ ಚರ್ಮ ಕೆಂಡದಂತೆ ಕೆಂಪಾಗಿ, ಕರೆದರೆ ಬಾಲ ಮಾತ್ರ ಒಮ್ಮೆ ಆಡಿಸಿ ಸುಮ್ಮನೆ ಮಲಗಿತು. ವಲ್ಲಿ ಅದನ್ನು ನೋಡಿದ್ದೇ ಬಾಣಲೆಯ ಮುಂದೆ ನಿಂತಿದ್ದ ಅಪ್ಪನ ಬಳಿ ಹೋಗಿ ಒಲೆಯ ಕಟ್ಟಿಗೆಯನ್ನು ಎಳೆದು ಹಾಕಿದಳು.

"ಏಲೇ, ಪಾಕ ಹಾಳಾಗುತ್ತೆ!"

"ಆಗಲಿ. ಗಾಡಿ ತೆಗೀರಿ."

ಪಾಕ ಹಾಳಾಯಿತು. ಆ ಬಾಣಲೆಯಷ್ಟು ಬೆಲ್ಲ ಗಟ್ಟಿ ಕಲ್ಲಾಗಿ ಕೂತಿತು. ವೇಲ್ಚಾಮಿ ಮೊಪೆಡ್ ಓಡಿಸಿದ. ಹಿಂದೆ ತಾಯಮ್ಮಾಳ್, ಅವಳ ಮಡಿಲಲ್ಲಿ ಹಳೆ ಸೀರೆಯಲ್ಲಿ ಸುತ್ತಿದ ಕರುಪ್ಪಿ. ವಲ್ಲಿ ಬೀದಿಯಲ್ಲಿ ಸಿಕ್ಕ ಆಟೋ ಹಿಡಿದು ಅವರಿಗಿಂತ ಮೊದಲೇ ಹೋಗಿ ದನದ ಆಸ್ಪತ್ರೆಯ ಬಾಗಿಲಲ್ಲಿ ನಿಂತಿದ್ದಳು.

ಡಾಕ್ಟರಮ್ಮ ಎಳೆ ವಯಸ್ಸಿನವರು, ಮಾತು ಮಾತ್ರ ಮುತ್ತಜ್ಜಿಯದು. ಮೇಜಿನ ಮೇಲೆ ನಾಯಿಯನ್ನು ಇಟ್ಟೊಡನೆ ಮೂಗು ಮುಚ್ಚಿಕೊಂಡರು.

"ನಾಯಿ ತಂದಿದ್ದೀರೋ ಲಾರಿ ತಂದಿದ್ದೀರೋ? ಯಾರು ಹಚ್ಚಿದ್ದು ಇದನ್ನ?"

"ಅಜ್ಜಿ," ಎಂದಳು ವಲ್ಲಿ.

"ಇದನ್ನ ನೆಕ್ಕಿದರೆ ಹೊಟ್ಟೆಗೆ ವಿಷ. ಇನ್ನೂ ಹೆಚ್ಚು ನೆಕ್ಕಿದ್ದರೆ ಕಷ್ಟ ಇತ್ತು." ಸೂಜಿ ಚುಚ್ಚಿದರು, ನೀರಿನ ಬಾಟಲಿ ಹಾಕಿದರು. ಪಾತ್ರೆ ತೊಳೆಯುವ ಸೋಪುನೀರಿನಲ್ಲಿ ಎಣ್ಣೆಯನ್ನು ಮೆಲ್ಲಗೆ ಬಿಡಿಸಿದರು. ಸೀಮೆಎಣ್ಣೆಯಲ್ಲಿ ಒರೆಸಿದರೆ ಬೇಗ ಬಿಡುತ್ತಲ್ವಾ ಎಂದು ವೇಲ್ಚಾಮಿ ಕೇಳಿದ್ದಕ್ಕೆ ಅವರು ನೋಡಿದ ನೋಟಕ್ಕೆ ಅವನು ಹೊರಗೆ ಹೋಗಿ ಗಾಡಿ ಕಾಯತೊಡಗಿದ.

ಎಣ್ಣೆ ಹೋದ ಮೇಲೆ ದುಂಡು ಬೋಳುಗಳು ಒಂದೊಂದೂ ನಿಚ್ಚಳವಾದವು.

"ಎಷ್ಟು ಕೆರಕೊಳ್ಳುತ್ತೆ?"

"ಅಷ್ಟೇನಿಲ್ಲ," ಎಂದಳು ತಾಯಮ್ಮಾಳ್. "ಆಗೊಮ್ಮೆ ಈಗೊಮ್ಮೆ."

"ಅದೇ ನೋಡಿ. ಕಜ್ಜಿಯಾಗಿದ್ದರೆ ನಿಮ್ಮನ್ನ ಮಲಗೋಕೆ ಬಿಡ್ತಿರಲಿಲ್ಲ. ಕಿವಿಯ ಅಂಚು, ಮೊಣಕೈ, ಅಲ್ಲಿಂದ ಶುರುವಾಗಿ ಹಕ್ಕಳೆ ಕಟ್ಟಿ, ರಕ್ತ ಬರೋ ಹಾಗೆ ಕೆರಕೊಳ್ಳುತ್ತೆ. ಇದು ದುಂಡಗಿದೆ. ಅಂಚಲ್ಲಿ ಹೊಟ್ಟು, ಕೂದಲು ಬುಡದಲ್ಲೇ ಮುರಿದಿದೆ." ಸಣ್ಣ ಅಲಗಿನಿಂದ ಚರ್ಮ ಹೆರೆದು ಗಾಜಿನ ಮೇಲೆ ಇಟ್ಟು ಸೂಕ್ಷ್ಮದರ್ಶಕದಲ್ಲಿ ನೋಡಿದರು. ಕಜ್ಜಿಯ ನುಸಿ ಕಾಣಲಿಲ್ಲ. ಆಮೇಲೆ ಕಿಟಕಿ ಮುಚ್ಚಿ, ದೀಪ ಆರಿಸಿ, ಒಂದು ನೇರಳೆ ಬೆಳಕಿನ ಟಾರ್ಚು ಹಿಡಿದರು.

ಕತ್ತಲಲ್ಲಿ ಕರುಪ್ಪಿಯ ಕಿವಿಯ ಹಿಂದೆ ಎಳೆ ಹಸಿರು ಉಂಗುರವೊಂದು ಹೊಳೆಯಿತು. ಮೂತಿಯ ಬಳಿ ಇನ್ನೊಂದು. ತಾಯಮ್ಮಾಳ್ ಕೈ ಮುಗಿದುಬಿಟ್ಟಳು. ಹೆದರಿಕೆಯೋ ಬೆರಗೋ ಹೇಳಲಾಗದು. ಪಕ್ಕದಲ್ಲಿ ವಲ್ಲಿ ಎರಡು ಹೆಜ್ಜೆ ಹಿಂದೆ ಸರಿದು ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಂಡಳು.

"ಹುಳುಕಡ್ಡಿ," ಎಂದರು ಡಾಕ್ಟರಮ್ಮ ದೀಪ ಹಾಕುತ್ತ. "ಹೆಸರಲ್ಲಿ ಹುಳು, ಒಳಗೆ ಹುಳು ಇಲ್ಲ. ಬೂಷ್ಟಿನ ಜಾತಿ. ಎಲ್ಲಾ ಸಲ ಹೀಗೆ ಹೊಳೆಯಲ್ಲ, ಹೊಳೆಯದೇ ಇದ್ದರೆ ರೋಗ ಇಲ್ಲ ಅಂತಲೂ ಅಲ್ಲ. ಇಲ್ಲಿ ಅದೃಷ್ಟ, ಹೊಳೀತು. ವಾಸಿಯಾಗುತ್ತೆ, ಆದರೆ ತಿಂಗಳ ಮೇಲಾಗುತ್ತೆ. ಮಾತ್ರೆ ಇದೆ, ವಾರಕ್ಕೆ ಎರಡು ಸಲ ಮದ್ದಿನ ಸೋಪಿನ ಸ್ನಾನ. ನೊರೆ ಹಚ್ಚಿ ಹತ್ತು ನಿಮಿಷ ಬಿಟ್ಟು ಆಮೇಲೆ ತೊಳೀಬೇಕು. ಕೂದಲು ಬಂತು ಅಂತ ನಿಲ್ಲಿಸಬೇಡಿ, ನಾನು ಹೇಳಿದ ಮೇಲೆ ನಿಲ್ಲಿಸಿ. ಅದು ಮಲಗೋ ಚಾಪೆ, ಗೋಣಿ, ಕೊರಳಿನ ಹಗ್ಗ, ಎಲ್ಲಾ ಸುಟ್ಟುಹಾಕಿ."

"ಹಗ್ಗಾನೂ?"

"ಹಗ್ಗಾನೇ ಮೊದಲು. ನೂಲಿನ ಎಳೆಯಲ್ಲಿ ಅದು ವರ್ಷಗಟ್ಟಲೆ ಕೂತಿರುತ್ತೆ. ವಾಸಿಯಾಗೋವರೆಗೆ ಬೇರೆ ಮನೆಗೆ ಕಳಿಸಬೇಡಿ. ಮನುಷ್ಯರಿಗೂ ಹತ್ತುತ್ತೆ. ಮನೇಲಿ ಯಾರಿಗಾದರೂ ಮೈಮೇಲೆ ಇಂಥ ಕಲೆ ಇದೆಯಾ?"

"ಇಲ್ಲ ಇಲ್ಲ," ಎಂದಳು ತಾಯಮ್ಮಾಳ್.

"ಇಲ್ಲ," ಎಂದಳು ವಲ್ಲಿಯೂ, ಸ್ವಲ್ಪ ತಡವಾಗಿ.

ಕರುಪ್ಪಿ ಎರಡೇ ದಿನಕ್ಕೆ ಎದ್ದು ಗಂಜಿಗೆ ಮೂತಿ ಹಾಕಿತು. ಚಪ್ಪರದ ಮೂಲೆಯಲ್ಲಿ ಬಿದಿರ ತಡಿಕೆ ಕಟ್ಟಿ ಅದನ್ನು ಬೇರೆ ಇಟ್ಟರು. ಅದರ ಕೊರಳಿನ ಹಗ್ಗ, ಗೋಣಿ ಎಲ್ಲ ಹಿತ್ತಲಲ್ಲಿ ಸುಟ್ಟರು. ಆದರೆ ತಾಯಮ್ಮಾಳಿಗೆ ಊಟ ಸೇರಲಿಲ್ಲ. ತಿಂಗಳ ಮೇಲೆ ಎಂದರೆ ಮದುವೆ ಕಳೆದೇ ಹೋಗುತ್ತದೆ. ಬೇರೆ ಮನೆಗೆ ಕಳಿಸಬೇಡಿ ಎಂದರೆ ಮಗಳೂ ಬರೀ ಕೈಯಲ್ಲೇ ಹೋಗಬೇಕು. ಇದು ಸಾಲದೆಂಬಂತೆ ಶಿವಕಾಶಿಯಿಂದ ಫೋನ್ ಬಂತು. ಮಾಡಸಾಮಿಯ ತಾಯಿ ರಾಕ್ಕಮ್ಮಾಳ್. ಬೀಗಿತ್ತಿಯರು ಒಬ್ಬರನ್ನೊಬ್ಬರು ಮದಿನಿ, ಅಂದರೆ ಅತ್ತಿಗೆ, ಎನ್ನುತ್ತಿದ್ದರು.

"ಮದಿನೀ, ಬರೋ ಶುಕ್ರವಾರ ಬರ್ತೀವಿ. ಸೀರೆ ಅಳತೆ ಅದು ಇದು ಇದೆ. ಹಾಗೇ ನಮ್ಮ ನಾಯೀನೂ ಒಂದು ಸಲ ಕಣ್ಣು ತುಂಬಾ ನೋಡಿದ ಹಾಗಾಗುತ್ತೆ."

ನಮ್ಮ ನಾಯಿ! ತಾಯಮ್ಮಾಳ್ ಫೋನು ಇಟ್ಟು ನೇರ ಅತ್ತೆಯ ಬಳಿ ಹೋದಳು.

ಆ ಸಂಜೆ ಅಡುಗೆಮನೆಯಲ್ಲಿ, ಅಷ್ಟು ವರ್ಷಗಳಲ್ಲಿ ಮೊದಲ ಸಲ, ಅತ್ತೆ ಸೊಸೆ ತಲೆಗೆ ತಲೆ ತಾಗಿಸಿ ಕೂತರು.

"ವಾಸಿಯಾಗಿಲ್ಲ ಅಂತ ನಿಜ ಹೇಳಿಬಿಡೋಣ್ವಾ ಅತ್ತೆ?"

"ಹುಚ್ಚಾ ನಿಂಗೆ? ಆ ರಾಕ್ಕಮ್ಮಾಳ ಬಾಯಿ ನಂಗೊತ್ತು. ನನ್ನ ಬಾಯಿಗಿಂತ ಎರಡು ಮೊಳ ಉದ್ದ." ಮುದುಕಿ ಎಲೆಅಡಿಕೆ ಉಗುಳಿ ಬಂದಳು. "ನಾಯಿ ಏನು ಬಣ್ಣ?"

"ಕಪ್ಪು."

"ದೀಪದ ಮಸಿ ಏನು ಬಣ್ಣ?"

ತಾಯಮ್ಮಾಳ್ ಅತ್ತೆಯ ಮುಖವನ್ನೇ ನೋಡಿದಳು. ಆಮೇಲೆ ಇಬ್ಬರೂ ಬಾಯಿಗೆ ಸೆರಗು ತುರುಕಿಕೊಂಡು ನಕ್ಕರು. ಹರಳೆಣ್ಣೆಯ ದೀಪ ಹಚ್ಚಿ, ಮೇಲೆ ಹಿತ್ತಾಳೆ ತಟ್ಟೆ ಬೋರಲು ಹಾಕಿ ಮಸಿ ಹಿಡಿದರು. ವಲ್ಲಿ ಬಾಗಿಲಲ್ಲಿ ನಿಂತು ಹಣೆ ಚಚ್ಚಿಕೊಂಡಳು.

"ನಿಮಗೇನು ಹುಚ್ಚಾ? ಡಾಕ್ಟರಮ್ಮ ಮದ್ದು ಬಿಟ್ಟು ಏನೂ ಹಚ್ಚಬೇಡಿ ಅಂದಿಲ್ವಾ?"

"ಇದು ಮದ್ದಲ್ಲ ಕಣೇ, ಅಲಂಕಾರ," ಎಂದಳು ಪೇಚ್ಚಿಯಮ್ಮಾಳ್. "ನಿನಗೆ ಮಾಡಲ್ವಾ? ಹಾಗೆ."

ಶುಕ್ರವಾರ ಬೆಳಿಗ್ಗೆಯಿಂದ ಮನೆ ಜಾತ್ರೆಯಾಯಿತು. ಇಡ್ಲಿ, ಮೆಣಸಿನ ವಡೆ, ಬಾಳೆಹೂವಿನ ಪಲ್ಯ, ಹೊಸ ಬೆಲ್ಲದ ಪಾಯಸ. ಪೇಚ್ಚಿಯಮ್ಮಾಳ್ ಕೈಗೆ ಚೀಲ ಸುತ್ತಿಕೊಂಡು ಕರುಪ್ಪಿಯ ಬೋಳುಗಳಿಗೆ ಮಸಿ ತೀಡಿದಳು. ಹೊಳೆಯುವ ಕಪ್ಪು ನಾಯಿ, ಹುಬ್ಬಿನ ಮೇಲೆ ಎರಡು ಬೊಟ್ಟು. ಅದನ್ನು ಹಳೆ ಸೀರೆಯ ತುಂಡಿನಿಂದ ಚಪ್ಪರದ ದೂರದ ಕಂಬಕ್ಕೆ ಕಟ್ಟಿ, "ಹತ್ತಿರ ಬಿಡಬೇಡಿ, ಹೊಸಬರನ್ನ ಕಂಡರೆ ಮೇಲೆ ಹಾರುತ್ತೆ ಅನ್ನಿ" ಎಂದು ಎಲ್ಲರಿಗೂ ಪಾಠ ಹೇಳಿಕೊಟ್ಟಳು.

ಬಂದವರು ಇಬ್ಬರೇ. ರಾಕ್ಕಮ್ಮಾಳ್ ಎತ್ತರದ, ಗಟ್ಟಿ ದನಿಯ ಹೆಂಗಸು. ತಿಳಿ ಹಳದಿಯ ಹೊಸ ಸೀರೆ ಉಟ್ಟಿದ್ದಳು. ಮಾಡಸಾಮಿ ಕುತ್ತಿಗೆಗೆ ಟವೆಲ್ ಸುತ್ತಿಕೊಂಡಿದ್ದ. ಬಿಸಿಲಲ್ಲಿ ಬೈಕಿನಲ್ಲಿ ಬಂದದ್ದಲ್ಲವೇ ಎಂದುಕೊಂಡರು. ಊಟಕ್ಕೆ ಕೂತಾಗಲೂ ಅವನು ಟವೆಲ್ ತೆಗೆಯಲಿಲ್ಲ.

"ಎಲ್ಲಿ ನಮ್ಮ ಕರುಪ್ಪಿ?" ಎಂದಳು ರಾಕ್ಕಮ್ಮಾಳ್ ಕೈ ತೊಳೆದು.

"ಅಲ್ಲೇ ಇದೆ ಮದಿನಿ. ಹತ್ತಿರ ಹೋಗಬೇಡಿ, ಹೊಸಬರನ್ನ ಕಂಡರೆ..."

ಕರುಪ್ಪಿಗೆ ಯಾರೂ ಪಾಠ ಹೇಳಿರಲಿಲ್ಲ. ನಿಶ್ಚಯದ ದಿನ ಮಡಿಲಲ್ಲಿ ಕೂರಿಸಿಕೊಂಡು ಮುದ್ದು ಮಾಡಿದ್ದ ಮಾಡಸಾಮಿಯ ವಾಸನೆ ಅದಕ್ಕೆ ಸಿಕ್ಕಿತು. ಒಂದೇ ಜಗ್ಗಿಗೆ ಗಂಟು ಬಿಚ್ಚಿಕೊಂಡು ಕಡಲೆ ರಾಶಿಯ ಮೇಲೆ ಹಾರಿ, ಪಾಯಸದ ಪಾತ್ರೆ ಉರುಳಿಸಿ, ನೇರ ಅವನ ಮೇಲೆ ಬರಲು ಹೋಗಿ ನಡುವೆ ನಿಂತಿದ್ದ ರಾಕ್ಕಮ್ಮಾಳ ಎದೆಗೆ ಎರಡೂ ಮುಂಗಾಲು ಇಟ್ಟಿತು. ರಾಕ್ಕಮ್ಮಾಳ್ ಬೀಳದೆ ಅದನ್ನು ತಬ್ಬಿ ಹಿಡಿದಳು.

"ಅಬ್ಬಬ್ಬಾ, ಏನು ಬಲ! ಚಿನ್ನ, ನನ್ನ ಚಿನ್ನ..." ಎಂದು ಅದರ ತಲೆ, ಕಿವಿ, ಬೆನ್ನು ಸವರಿದಳು.

ಆಮೇಲೆ ಕೈ ನೋಡಿಕೊಂಡಳು. ಕೈ ಕಪ್ಪು. ಹಳದಿ ಸೀರೆಯ ಮೇಲೆ ಎರಡು ಕಪ್ಪು ಪಂಜ. ಕರುಪ್ಪಿಯ ಕಿವಿಯ ಹಿಂದೆ ಬಿಳಿಚಿದ ದುಂಡು ಬೋಳು.

ಕರುಪ್ಪಿ ಬಾಲ ಆಡಿಸುತ್ತಲೇ ಇತ್ತು.

"ಮದಿನೀ," ಎಂದಳು ರಾಕ್ಕಮ್ಮಾಳ್. "ನಾಯಿಗೆ ಬಣ್ಣ ಬಳಿದಿದ್ದೀರಾ?"

ತಾಯಮ್ಮಾಳಿಗೆ ನೆಲ ಬಾಯಿ ಬಿಡಬಾರದೇ ಅನ್ನಿಸಿತು. ಅತ್ತೆ ಏನಾದರೂ ಹೇಳಿಯಾಳು ಎಂದು ನೋಡಿದರೆ ಪೇಚ್ಚಿಯಮ್ಮಾಳ್ ಕಂಬವನ್ನು ಅದೇ ಮೊದಲ ಸಲ ಕಂಡವಳಂತೆ ನೋಡುತ್ತಿದ್ದಳು.

"ಹುಳುಕಡ್ಡಿ ಮದಿನಿ. ಮದ್ದು ನಡೀತಿದೆ. ವಾಸಿಯಾಗುತ್ತೆ. ನೀವು ನೋಡಿ ಬೇಜಾರು ಮಾಡಿಕೊಳ್ತೀರಿ ಅಂತ..."

"ಬೇಜಾರು? ಹೆಣ್ಣು ಕೊಡೋರು ನಾಯಿಯಲ್ಲೇ ಸುಳ್ಳು ಹೇಳಿದರೆ ಇನ್ನು ಮಿಕ್ಕಿದ್ದರಲ್ಲಿ ಎಷ್ಟು ಸುಳ್ಳಿದೆಯೋ! ಈ ನಾಯಿ ನಮ್ಮ ಹೊಸ್ತಿಲು ಮೆಟ್ಟೋದು ಬೇಡ. ಬೇರೆ ನೋಡಿ."

"ಬೇರೆ ನೋಡೋದಾದರೆ ಹುಡುಗೀನೂ ಬೇರೆ ನೋಡಿಕೊಳ್ಳಿ ಅತ್ತೆ."

ಹೇಳಿದವಳು ವಲ್ಲಿ. ಎಲ್ಲರೂ ತಿರುಗಿದರು. ಅವಳು ರವಿಕೆಯ ತೋಳನ್ನು ಮೊಣಕೈ ಮೇಲಕ್ಕೆ ಏರಿಸಿದಳು. ಮುಂಗೈಯ ಒಳಬದಿಗೆ ಅಂಗೈಯಗಲದ ಕೆಂಪು ಉಂಗುರ, ಅದರ ಪಕ್ಕ ಚಿಕ್ಕದು ಎರಡು.

"ಕರುಪ್ಪಿಗಿರೋದೇ ನನಗೂ ಇದೆ. ಅದು ಬೇಡ ಅಂದರೆ ನಾನೂ ಬೇಡ. ಸುಳ್ಳು ಹೇಳಿದ್ದು ತಪ್ಪು. ನಾನೂ ಹೇಳಿದೆ, ಡಾಕ್ಟರಮ್ಮನ ಮುಂದೆ."

"ಅಯ್ಯೋ ನನ್ನ ಕರ್ಮವೇ!" ತಾಯಮ್ಮಾಳ್ ಮಗಳ ಕೈ ಹಿಡಿದುಕೊಂಡಳು. "ಯಾವಾಗಿಂದನೇ? ಯಾಕೆ ಹೇಳಲಿಲ್ಲ?"

"ಹೇಳಿದರೆ ನಾಯಿ ಹೊರಗೆ ಹಾಕ್ತೀರಿ ಅಂತ ಹೆದರಿದೆ. ಮೆಡಿಕಲ್ಲಿಂದ ಟ್ಯೂಬು ತಂದು ಹಚ್ಚಿದೆ. ಮೊದಲು ಕಮ್ಮಿಯಾಯ್ತು, ಆಮೇಲೆ ದೊಡ್ಡದಾಯ್ತು."

ರಾಕ್ಕಮ್ಮಾಳ್ ಆ ಕೈಯನ್ನೇ ನೋಡುತ್ತಿದ್ದಳು. ಅವಳ ಮುಖದಲ್ಲಿ ಸಿಟ್ಟು ಇರಬೇಕಾದ ಜಾಗದಲ್ಲಿ ಇನ್ನೇನೋ ಇತ್ತು. ಅವಳು ಬಾಯಿ ತೆರೆಯುವಷ್ಟರಲ್ಲಿ ಹಿಂದಿನಿಂದ ಮಾಡಸಾಮಿ ಕೆಮ್ಮಿದ.

"ಆ ಟ್ಯೂಬು ಬಿಳಿ ಬಣ್ಣದ್ದಾ? ನೀಲಿ ಮುಚ್ಚಳ?"

"ಹೂಂ," ಎಂದಳು ವಲ್ಲಿ.

"ನಾನೂ ಅದನ್ನೇ ಹಚ್ಚಿದೆ."

"ಏಯ್, ಸುಮ್ಮನಿರೋ! ತೆಗೀಬೇಡ..." ಎಂದು ರಾಕ್ಕಮ್ಮಾಳ್ ಕೈ ಚಾಚುವಷ್ಟರಲ್ಲಿ ಅವನು ಟವೆಲ್ ಬಿಚ್ಚಿದ್ದ. ಕುತ್ತಿಗೆಯ ಹಿಂದೆ, ಕೂದಲಿನ ಅಂಚಿನಲ್ಲಿ, ಥೇಟ್ ಅಂಥದೇ ಕೆಂಪು ಉಂಗುರ.

ಮೊದಲು ನಕ್ಕವನು ವೇಲ್ಚಾಮಿ. ತಡೆದುಕೊಳ್ಳಲು ಹೋಗಿ ಕಡಲೆಬೀಜ ಗಂಟಲಿಗೆ ಸಿಕ್ಕಿ ಕೆಮ್ಮುತ್ತ ನಕ್ಕ. ಆಮೇಲೆ ಪೇಚ್ಚಿಯಮ್ಮಾಳ್.

"ಉಂಗುರ ಬದಲಾಯಿಸೋ ಶಾಸ್ತ್ರ ಮದುವೆ ದಿನ ಇಟ್ಟುಕೊಂಡಿದ್ದೆವು. ಮಕ್ಕಳು ಆಗಲೇ ಮುಗಿಸಿದ್ದಾರೆ!"

ರಾಕ್ಕಮ್ಮಾಳ್ ತುಟಿ ಬಿಗಿಹಿಡಿದು ನಿಂತಳು, ಆದರೆ ಎಷ್ಟು ಹೊತ್ತು? ಕೊನೆಗೆ ಉರುಳಿದ ಪಾಯಸದ ಪಕ್ಕ ಕುಸಿದು ಕೂತು ನಕ್ಕು ನಕ್ಕು, ಮಸಿ ಮೆತ್ತಿದ ಕೈಯಲ್ಲೇ ಕಣ್ಣೊರೆಸಿಕೊಂಡು ಮುಖವೆಲ್ಲ ಕಪ್ಪು ಮಾಡಿಕೊಂಡಳು.

"ಹೆಣ್ಣಿನ ಕಡೆಯೋರಿಗೆ ಗೊತ್ತಾದರೆ ಏನಂತಾರೋ ಅಂತ ನನಗೆ ತುತ್ತು ಇಳೀತಿರಲಿಲ್ಲ ಮದಿನಿ. ಇವನಿಗೆ ಅರಿಸಿನ ಹಚ್ಚಿದೆ, ಬೇವು ಹಚ್ಚಿದೆ. ಆ ಡಾಕ್ಟರಮ್ಮ ಎಲ್ಲಿ ಕೂರ್ತಾರೆ, ಮೊದಲು ಅದು ಹೇಳಿ."

"ಅವರು ದನದ ಡಾಕ್ಟರು!"

"ಇವನೇನು ಕಮ್ಮಿಯಾ? ನಡೀರಿ."

ಡಾಕ್ಟರಮ್ಮ ನಾಯಿಯನ್ನು ನೋಡಿ ಮಸಿಗೆ ಇನ್ನೊಂದು ಸುತ್ತು ಬೈದು, ಮನುಷ್ಯರನ್ನು ಚರ್ಮದ ಡಾಕ್ಟರ ಬಳಿಗೆ ಅಟ್ಟಿದರು. ಆ ಡಾಕ್ಟರು ಬಿಳಿ ಟ್ಯೂಬು ಕಿತ್ತು ಬುಟ್ಟಿಗೆ ಎಸೆದರು. ಅದರಲ್ಲಿರುವ ಮದ್ದು ತುರಿಕೆ ಮುಚ್ಚಿ ರೋಗ ಬೆಳೆಸುತ್ತದೆಂದು ಹೇಳಿ ಬೇರೆ ಮುಲಾಮು, ಮಾತ್ರೆ ಬರೆದರು.

ಆಮೇಲಿನ ವಾರಗಳಲ್ಲಿ ಆ ಎರಡೂ ಮನೆಗಳಲ್ಲಿ ನಡೆದದ್ದು ಯುದ್ಧ. ಹೊದಿಕೆ, ದಿಂಬಿನ ಚೀಲ ಎಲ್ಲ ಕುದಿಯುವ ನೀರಿಗೆ. ಚಾಪೆಗಳು ಬಿಸಿಲಿಗೆ. ಬಾಚಣಿಗೆಗಳು ಒಲೆಗೆ. ಪೇಚ್ಚಿಯಮ್ಮಾಳೇ ಸೊಂಟಕ್ಕೆ ಸೆರಗು ಸಿಕ್ಕಿಸಿ, ಕೈಗೆ ಚೀಲ ಕಟ್ಟಿಕೊಂಡು ಕರುಪ್ಪಿಗೆ ಸ್ನಾನ ಮಾಡಿಸುತ್ತಿದ್ದಳು. ನೊರೆ ಹಚ್ಚಿ ಕಾಯುವ ಹೊತ್ತಿನಲ್ಲಿ ಅದು ಓಡಿಹೋಗದಂತೆ ಹಿಡಿದುಕೊಂಡು, ತನ್ನ ಮದುವೆಯ ಕಥೆ ಹೇಳುತ್ತಿದ್ದಳು. ನಾಯಿಯೊಂದೇ ಅದನ್ನು ಪೂರ್ತಿ ಕೇಳಿದ್ದು. ಫೋನಿನಲ್ಲಿ ದಿನಾ ಸುದ್ದಿ ಹೋಗುತ್ತಿತ್ತು, ಬರುತ್ತಿತ್ತು.

"ನಿಮ್ಮ ಹುಡುಗನಿಗೆ ಹೇಗಿದೆ?"

"ಅಂಚು ಮಾಸಿದೆ. ನಿಮ್ಮ ಹುಡುಗಿಗೆ?"

"ಚಿಕ್ಕದೆರಡೂ ಹೋಯ್ತು. ನಾಯಿಗೆ ಎಳೆ ಕೂದಲು ಬಂತು ಮದಿನೀ! ಕಿವಿ ಹಿಂದೆ ಮಖಮಲ್ಲು!"

ಪೊಂಗಲ್ ಉಕ್ಕಿತು. ಮಿಠಾಯಿಯ ಲೋಡು ಹೋಯಿತು. ಮದುವೆಗೆ ಮುಂಚೆ ತಾಯಮ್ಮಾಳ್ ಕರುಪ್ಪಿಯನ್ನು ಮತ್ತೆ ಕರೆದೊಯ್ದಳು. ಎಲ್ಲ ಬೋಳುಗಳೂ ಮುಚ್ಚಿದ್ದವು. ಇನ್ನೇನು ಹೂಂ ಎನ್ನುತ್ತಾರೆ ಎಂದುಕೊಂಡಳು. ಡಾಕ್ಟರಮ್ಮ ಕಿಟಕಿ ಮುಚ್ಚಿದರು. ನೇರಳೆ ಬೆಳಕು ಹಿಡಿದರು. ಬೆನ್ನ ಮೇಲೆ, ಕೂದಲ ಬುಡದಲ್ಲಿ, ಸಾಸಿವೆಯಷ್ಟು ಹಸಿರು.

"ಇನ್ನೂ ಇದೆ. ಇವತ್ತು ಕಳಿಸಿದರೆ ಆ ಮನೆಗೂ ಹಿಡಿಯುತ್ತೆ. ಇನ್ನು ಕೆಲವು ವಾರ ಬೇಕು."

ತಾಯಮ್ಮಾಳ್ ಮನೆಗೆ ಬಂದು ಅಡುಗೆಮನೆಯಲ್ಲಿ ಕೂತಳು. ಕಣ್ಣೀರು ಬರಲಿಲ್ಲ. "ನನ್ನ ಹಾಗೇ ಆಯಿತು," ಎಂದಳು ಅಷ್ಟೇ.

ಪೇಚ್ಚಿಯಮ್ಮಾಳ್ ಅಕ್ಕಿ ಆರಿಸುತ್ತಿದ್ದಳು. ಮೊರ ಕೆಳಗಿಟ್ಟಳು. ಮಂಡಿ ಹಿಡಿದುಕೊಂಡು ಎದ್ದು ಬಾಗಿಲ ಹಿಂದೆ ಹೋದಳು. ಮೊಳೆಯಿಂದ ಆ ಹಳೆಯ ಹಗ್ಗವನ್ನು ತೆಗೆದಳು. ಧೂಳು ಕೊಡವಿದಳು. ಸೀರೆಯ ಸೆರಗಿನಿಂದ ಗೆಜ್ಜೆಯನ್ನು ಉಜ್ಜಿ ಉಜ್ಜಿ ಹೊಳಪು ಬರಿಸಿದಳು.

"ಕರುಪ್ಪಿಯ ಹಗ್ಗ ಸುಟ್ಟೆವಲ್ಲ. ಹುಡುಗಿ ಕೈಗೆ ಒಂದು ಹಗ್ಗ ಬೇಕಲ್ವಾ? ಇದಕ್ಕೆ ಯಾವ ನಾಯಿಯ ಮೈಯೂ ತಾಗಿಲ್ಲ. ಶುದ್ಧವಾಗಿದೆ."

"ಅತ್ತೆ..."

"ಏನು ಅತ್ತೆ? ಒಳ್ಳೆ ಹಗ್ಗ ಇದು. ನಿಮ್ಮಪ್ಪ ಹೊಸೆದದ್ದು. ಗಟ್ಟಿ ನೂಲು." ಹಗ್ಗವನ್ನು ಸೊಸೆಯ ಮಡಿಲಲ್ಲಿಟ್ಟು ಸೇರಿಸಿದಳು, "ಅವತ್ತೇ ಹೇಳಬೇಕಿತ್ತು."

ಶಿವಕಾಶಿಯ ಮನೆಯ ಹೊಸ್ತಿಲಲ್ಲಿ ಓಲಗ ಜೋರಾಗಿತ್ತು. ವಲ್ಲಿ ಕೆಂಪು ಸೀರೆ ಉಟ್ಟು, ತೋಳು ತೆರೆದ ರವಿಕೆ ತೊಟ್ಟು, ಖಾಲಿ ಹಗ್ಗ ಹಿಡಿದು ನಿಂತಿದ್ದಳು. ಕೈಯಲ್ಲಿ ಕಲೆಯ ಗುರುತೂ ಇರಲಿಲ್ಲ. ಸುತ್ತಲಿದ್ದ ಹೆಂಗಸರು ಪಿಸುಗುಟ್ಟಿದರು. ನಾಯಿ ಎಲ್ಲಿ, ನಾಯಿ ಎಲ್ಲಿ? ರಾಕ್ಕಮ್ಮಾಳ್ ಎರಡೂ ಕೈ ಚಾಚಿ ಹಗ್ಗವನ್ನು ತೆಗೆದುಕೊಂಡಳು. ಕಣ್ಣಿಗೆ ಒತ್ತಿಕೊಂಡಳು. ಗೆಜ್ಜೆ ಘಲ್ ಎಂದಿತು.

"ನಾಯಿಗೆ ಮೈಗೆ ಹುಷಾರಿಲ್ಲ, ಆಮೇಲೆ ಬರುತ್ತೆ," ಎಂದಳು ಇಡೀ ಬೀದಿಗೆ ಕೇಳುವಂತೆ. "ಇದರಲ್ಲಿ ಗುಟ್ಟೇನು? ಎಡಗಾಲೋ ಬಲಗಾಲೋ, ಒಳಗೆ ಬಾ ಮಗಳೇ, ಪಾಯಸ ಆರುತ್ತೆ."

ಬೇಸಿಗೆಯ ಚಿತ್ತಿರೈ ತಿಂಗಳು ಬರುವ ಮುಂಚೆ ಕರುಪ್ಪಿಯೂ ಹೋಯಿತು, ಡಾಕ್ಟರಮ್ಮನ ಒಪ್ಪಿಗೆ ಪಡೆದು. ಪೇಚ್ಚಿಯಮ್ಮಾಳೇ ಕರೆದುಕೊಂಡು ಹೋಗಿ ಬಿಟ್ಟು ಬಂದಳು. ಆ ಹಗ್ಗದ ಪಟ್ಟಿ ಅದರ ಕೊರಳಿಗೆ ಅಳೆದು ಮಾಡಿಸಿದಂತೆ ಕೂತಿತಂತೆ. ಬಾಗಿಲ ಹಿಂದಿನ ಮೊಳೆಗೆ ಈಗ ತಾಯಮ್ಮಾಳ್ ಸೌಟು ತೂಗುಹಾಕುತ್ತಾಳೆ.

ಒಂದು ಮಾತ್ರ ಉಳಿಯಿತು. ಮೊದಲು ಯಾರಿಗೆ ಬಂದದ್ದು? ನಿಮ್ಮ ನಾಯಿಯಿಂದಲೇ ನನ್ನ ಮಗನಿಗೆ ಎಂದು ರಾಕ್ಕಮ್ಮಾಳ್ ಇವತ್ತಿಗೂ ಅನ್ನುತ್ತಾಳೆ. ನಿಶ್ಚಯಕ್ಕೆ ಮುಂಚೆಯೇ ಕುತ್ತಿಗೆ ಕಡಿಯುತ್ತಿತ್ತು, ಸಲೂನಿನ ಕತ್ತರಿ ತಾಗಿದ್ದೆಂದುಕೊಂಡಿದ್ದೆ ಎಂದು ಮಾಡಸಾಮಿ ಒಮ್ಮೆ ಬಾಯಿಬಿಟ್ಟಿದ್ದ. ಬೆಕ್ಕುಗಳಿಂದ ಬರುವುದು ಹೆಚ್ಚು ಎಂದರು ಡಾಕ್ಟರಮ್ಮ. ಕಡಲೆ ಗೋದಾಮಿನಲ್ಲಿ ಕಿವಿ ಬೋಳಾದ ಬೂದು ಬೆಕ್ಕೊಂದು ಆ ಮಳೆಗಾಲ ಓಡಾಡಿದ್ದನ್ನು ವೇಲ್ಚಾಮಿ ನೋಡಿದ್ದನಂತೆ. ಹುಡುಕಿದರು. ಆ ಬೆಕ್ಕು ಸಿಗಲಿಲ್ಲ. ನಾಯಿಯಿಂದ ಹುಡುಗನಿಗೋ, ಹುಡುಗನಿಂದ ನಾಯಿಗೋ, ಬೆಕ್ಕಿನಿಂದ ಎಲ್ಲರಿಗೋ, ಎಷ್ಟು ಕೇಳಿ ನ್ಯಾಯ ಮಾಡಿದರೂ ಗೊತ್ತಾಗಲಿಲ್ಲ. ನನಗೂ ಗೊತ್ತಿಲ್ಲ.